ಕೊಡಗಿನ ಮಳೆಯಲ್ಲಿ ಫಿಲಿಪ್ ದ್ವೀಪದ ದಾಸವಾಳ: ಬೆಳೆಸುವ ಮತ್ತು ಉಳಿಸಿಕೊಳ್ಳುವ ಕ್ರಮ

ಕೊಡಗಿನ ಮನೆಯಂಗಳಗಳಲ್ಲಿ ದಾಸವಾಳಕ್ಕೆ ಯಾರೂ ವಿಶೇಷ ಆರೈಕೆ ಮಾಡುವುದಿಲ್ಲ. ಮಳೆ ಹಿಡಿದ ಮೇಲೆ ಬೇಲಿಯ ಸಾಲಿಗೆ ಒಂದು ಕಡ್ಡಿ ಚುಚ್ಚಿಬಿಟ್ಟರೆ ಹುತ್ತರಿಯ ಹೊತ್ತಿಗೆ ಅದು ಗಿಡವಾಗಿರುತ್ತದೆ. ಆ ಒಂದು ಅನುಭವವನ್ನೇ ನೆಚ್ಚಿಕೊಂಡು ಫಿಲಿಪ್ ದ್ವೀಪದ ದಾಸವಾಳವನ್ನೂ ಬೆಳೆಸಲು ಹೊರಟರೆ ಗಿಡ ಮೊದಲ ಮಳೆಗಾಲವನ್ನು ದಾಟುವುದು ಕಷ್ಟ. ಹೈಬಿಸ್ಕಸ್ ಇನ್ಸುಲಾರಿಸ್ ಎಂಬ ಸಸ್ಯಶಾಸ್ತ್ರೀಯ ಹೆಸರಿನ ಈ ಪೊದೆಗೆ ನಮ್ಮ ಚಳಿಯೂ ಒಗ್ಗುತ್ತದೆ, ಬಿಸಿಲೂ ಒಗ್ಗುತ್ತದೆ. ಒಗ್ಗದಿರುವುದು ಬುಡದಲ್ಲಿ ನಿಲ್ಲುವ ನೀರು ಮತ್ತು ಕಾಫಿ ತೋಟದ ದಟ್ಟ ನೆರಳು. ಆದ್ದರಿಂದ ಇಲ್ಲಿ ಹೇಳಿರುವುದರಲ್ಲಿ ಹೆಚ್ಚಿನ ಪಾಲು ನೀರನ್ನು ಬೇರಿನಿಂದ ಆಚೆಗೆ ಸಾಗಿಸುವುದರ ಬಗ್ಗೆಯೇ ಇದೆ.

ಮೊದಲು ಗಿಡದ ತವರನ್ನು ತಿಳಿಯಬೇಕು, ಏಕೆಂದರೆ ಅದರ ಬೇಕು ಬೇಡಗಳೆಲ್ಲ ಅಲ್ಲಿಂದಲೇ ಬಂದಿವೆ. ಆಸ್ಟ್ರೇಲಿಯದ ಪೂರ್ವ ಕರಾವಳಿಯಿಂದ ಸುಮಾರು 1,400 ಕಿಲೋಮೀಟರ್ ದೂರದಲ್ಲಿ, ಪೆಸಿಫಿಕ್ ಸಾಗರದ ನಡುವೆ ನಾರ್ಫೋಕ್ ದ್ವೀಪವಿದೆ. ಅದರ ದಕ್ಷಿಣಕ್ಕೆ ಆರು ಕಿಲೋಮೀಟರಿನಷ್ಟು ಆಚೆ ಇರುವುದು ಫಿಲಿಪ್ ದ್ವೀಪ. ಜ್ವಾಲಾಮುಖಿಯಿಂದ ಹುಟ್ಟಿದ ಈ ಕಡಿದಾದ ದ್ವೀಪದ ವಿಸ್ತೀರ್ಣ ಸುಮಾರು 190 ಹೆಕ್ಟೇರ್, ಎಂದರೆ ಕೊಡಗಿನ ದೊಡ್ಡ ಎಸ್ಟೇಟ್ ಒಂದರಷ್ಟು. ಈ ದಾಸವಾಳ ಪ್ರಪಂಚದಲ್ಲಿ ತಾನಾಗಿ ಬೆಳೆದದ್ದು ಇಷ್ಟೇ ನೆಲದಲ್ಲಿ. ಫರ್ಡಿನಾಂಡ್ ಬಾವರ್ ಎಂಬ ಸಸ್ಯಚಿತ್ರಕಾರ 1804-05ರಲ್ಲಿ ಆ ದ್ವೀಪಗಳಲ್ಲಿ ಸಂಗ್ರಹಿಸಿದ ಮಾದರಿಗಳನ್ನು ಆಧರಿಸಿ ಎಂಡ್ಲಿಶರ್ ಎಂಬ ಸಸ್ಯವಿಜ್ಞಾನಿ 1833ರಲ್ಲಿ ಇದಕ್ಕೆ ಹೆಸರಿಟ್ಟನು. ಅಷ್ಟರಲ್ಲಾಗಲೇ ದ್ವೀಪಕ್ಕೆ ಕೇಡು ತಟ್ಟಿತ್ತು. 1788ರಲ್ಲಿ ನಾರ್ಫೋಕ್ ದ್ವೀಪದಲ್ಲಿ ಬ್ರಿಟಿಷರು ಕೈದಿಗಳ ವಸಾಹತನ್ನು ಸ್ಥಾಪಿಸಿದ ಬಳಿಕ ಫಿಲಿಪ್ ದ್ವೀಪದಲ್ಲಿ ಹಂದಿ, ಆಡು ಮತ್ತು ಮೊಲಗಳನ್ನು ಬಿಡಲಾಯಿತು. ಅವು ಚಿಗುರಿದ್ದನ್ನೆಲ್ಲ ಮೇಯ್ದವು. ಹಸಿರು ಹೋದ ಇಳಿಜಾರುಗಳ ಮಣ್ಣು ಮಳೆಗೆ ಕೊಚ್ಚಿ ಸಮುದ್ರಕ್ಕೆ ಇಳಿಯಿತು. 1980ರ ದಶಕದಲ್ಲಿ ಕೊನೆಯ ಮೊಲಗಳನ್ನು ತೆಗೆದುಹಾಕುವ ಹೊತ್ತಿಗೆ ಈ ದಾಸವಾಳ ಅಲ್ಲಿ ಬೆರಳೆಣಿಕೆಯ ಪೊದೆಗಳಾಗಿ ಉಳಿದಿತ್ತು. ಇಂದು ಆಸ್ಟ್ರೇಲಿಯ ಸರ್ಕಾರದ ಪಟ್ಟಿಯಲ್ಲಿ ಇದು ಅಳಿವಿನ ಅತ್ಯಂತ ತೀವ್ರ ಅಪಾಯದಲ್ಲಿರುವ ಸಸ್ಯ.

ಈಗ ಎರಡು ಊರುಗಳ ಹವೆಯನ್ನು ಜೋಡಿಸಿ ನೋಡೋಣ. ನಾರ್ಫೋಕ್ ದ್ವೀಪದಲ್ಲಿ ಬೇಸಿಗೆಯ ಹಗಲು 25 ಡಿಗ್ರಿ ಸೆಲ್ಸಿಯಸ್‌ನ ಆಸುಪಾಸು, ಚಳಿಗಾಲದ ರಾತ್ರಿ 13ರ ಆಸುಪಾಸು, ಹಿಮ ಬೀಳುವುದಿಲ್ಲ. ಮಡಿಕೇರಿಯ ಹವೆಗೂ ಇದಕ್ಕೂ ಅಂತರ ತೀರ ಕಡಿಮೆ. ಅಂತರವಿರುವುದು ಮಳೆಯಲ್ಲಿ. ಅಲ್ಲಿ ವರ್ಷಕ್ಕೆ ಸುಮಾರು 1,300 ಮಿಲಿಮೀಟರ್ ಮಳೆ ಹನ್ನೆರಡು ತಿಂಗಳಿಗೂ ಹಂಚಿಕೊಂಡು ಸುರಿಯುತ್ತದೆ, ಬಿದ್ದ ನೀರು ಇಳಿಜಾರಿನಲ್ಲಿ ನಿಲ್ಲದೆ ಹರಿದುಹೋಗುತ್ತದೆ, ಸಮುದ್ರದ ಗಾಳಿ ಎಲೆಗಳನ್ನು ಒಣಗಿಸುತ್ತದೆ. ಮಡಿಕೇರಿಯಲ್ಲಿ 3,000 ಮಿಲಿಮೀಟರಿಗೂ ಮೀರಿದ ಮಳೆಯ ಬಹುಪಾಲು ಜೂನ್‌ನಿಂದ ಸೆಪ್ಟೆಂಬರ್ ನಡುವಿನ ನಾಲ್ಕೇ ತಿಂಗಳಲ್ಲಿ ಬೀಳುತ್ತದೆ, ಆಮೇಲೆ ಜನವರಿಯಿಂದ ಹೂಮಳೆಯವರೆಗೆ, ಎಂದರೆ ಕಾಫಿಯ ಹೂ ಅರಳಿಸುವ ಬೇಸಿಗೆಯ ಮೊದಲ ಮಳೆಯವರೆಗೆ, ನೆಲ ಬಿರುಕು ಬಿಡುವಷ್ಟು ಒಣಗುತ್ತದೆ. ಗಿಡಕ್ಕೆ ನಾವು ಮಾಡಿಕೊಡಬೇಕಾದದ್ದು ಈ ಎರಡು ಅತಿಗಳಿಂದ ರಕ್ಷಣೆ.

ಗಿಡವನ್ನು ಗುರುತಿಸುವುದು

ಅಪರೂಪದ ದಾಸವಾಳ ಎಂದು ಹೇಳಿ ಬೇರೆ ಯಾವುದೋ ತಳಿಯನ್ನು ಕೊಡುವುದು ಉಂಟು. ಆದ್ದರಿಂದ ಗುರುತಿನ ವಿಷಯದಲ್ಲಿ ಎಚ್ಚರ ಬೇಕು. ಎಳೆಯ ಗಿಡದ ಎಲೆ ಬಹಳ ಚಿಕ್ಕದು, ಅಂಚು ಹಲ್ಲು ಹಲ್ಲಾಗಿರುತ್ತದೆ. ಕೊಂಬೆಗಳು ಒತ್ತೊತ್ತಾಗಿ ಕವಲೊಡೆದು ಒಂದರೊಳಗೊಂದು ಸೇರಿಕೊಂಡಿರುತ್ತವೆ. ದಾಸವಾಳದ ಅಗಲ ಎಲೆಯನ್ನು ನಿರೀಕ್ಷಿಸಿದವರಿಗೆ ಇದು ಯಾವುದೋ ಬೇಲಿಯ ಗಿಡದಂತೆ ಕಾಣುವುದರಿಂದ, ತೋಟದಲ್ಲಿ ಕಳೆ ತೆಗೆಯುವವರಿಗೆ ಮೊದಲೇ ತೋರಿಸಿಡುವುದು ಒಳ್ಳೆಯದು. ಬೆಳೆದ ಗಿಡದಲ್ಲಿ ಎಲೆ ಸ್ವಲ್ಪ ದೊಡ್ಡದಾಗುತ್ತದೆ. ಪೊದೆ ಆಳೆತ್ತರವನ್ನು ದಾಟಿ ಬೆಳೆಯಬಲ್ಲದು, ಆದರೆ ನಿಧಾನವಾಗಿ.

ಹೂವನ್ನು ಒಮ್ಮೆ ಹತ್ತಿರದಿಂದ ನೋಡಿದವರು ಮತ್ತೆ ತಪ್ಪುವುದಿಲ್ಲ. ಅದು ನಮ್ಮ ಕೆಂಪು ದಾಸವಾಳಕ್ಕಿಂತ ಚಿಕ್ಕದು, ಹೆಚ್ಚಾಗಿ ಪೂರ್ತಿ ಬಿಚ್ಚಿಕೊಳ್ಳದೆ ಗಂಟೆಯಂತೆ ಅರೆತೆರೆದಿರುತ್ತದೆ. ಅರಳುವಾಗ ದಳಗಳ ಬಣ್ಣ ಹಸಿರು ಬೆರೆತ ತಿಳಿಹಳದಿ. ಗಂಟಲಿನ ಒಳಗೆ ಗಾಢವಾದ ಕೆಂಗಂದು ಮಚ್ಚೆ, ಅದರ ನಡುವಿನಿಂದ ಕೇಸರದ ಕೊಳವೆ ಹೊರಟಿರುತ್ತದೆ. ಹೂವು ಹಳತಾದಂತೆ ಹಳದಿ ಕರಗಿ, ದಳಗಳು ಮಂಕಾದ ನೇರಳೆಗೆ ತಿರುಗುತ್ತವೆ. ಹೀಗಾಗಿ ಒಂದೇ ಕೊಂಬೆಯ ಮೇಲೆ ಎರಡು ಬೇರೆ ಬಣ್ಣದ ಹೂಗಳಿರುವಂತೆ ತೋರುತ್ತದೆ. ಈ ಬಣ್ಣದ ಪಲ್ಲಟ ಕಾಣದಿದ್ದರೆ, ಎಲೆ ಮೊದಲಿನಿಂದಲೂ ಅಗಲವಾಗಿದ್ದರೆ, ಅದು ಈ ಗಿಡವಲ್ಲ ಎಂದು ತಿಳಿಯಬಹುದು.

ತರಿಸಿಕೊಳ್ಳುವುದು

ಆಸ್ಟ್ರೇಲಿಯದ ತೋಟಗಳಲ್ಲಿ ಈ ಪೊದೆ ಬಹಳ ಕಾಲದಿಂದ ಬೆಳೆಯುತ್ತಿದೆ, ಅಲ್ಲಿನ ಕೆಲವು ನರ್ಸರಿಗಳು ಮಾರುವುದೂ ಉಂಟು. ಹಾಗೆಂದು ಅಲ್ಲಿಗೆ ಹೋದ ನೆಂಟರ ಪೆಟ್ಟಿಗೆಯಲ್ಲಿ ಒದ್ದೆ ಬಟ್ಟೆ ಸುತ್ತಿದ ಕಡ್ಡಿಗಳನ್ನು ತರಿಸಿಕೊಳ್ಳುವುದು ತಪ್ಪು. ಭಾರತಕ್ಕೆ ಸಸ್ಯಗಳನ್ನು ತರುವುದು ಸಸ್ಯ ಸಂಗರೋಧದ 2003ರ ಆದೇಶಕ್ಕೆ ಒಳಪಟ್ಟಿದೆ. ಮೊದಲೇ ಆಮದು ಪರವಾನಗಿ ಪಡೆದಿರಬೇಕು, ಕಳುಹಿಸುವ ದೇಶದ ಅಧಿಕಾರಿಗಳು ಕೊಟ್ಟ ಸಸ್ಯ ಆರೋಗ್ಯ ಪ್ರಮಾಣಪತ್ರ ಜೊತೆಗಿರಬೇಕು, ಗಿಡ ನಿಗದಿತ ಪ್ರವೇಶ ಸ್ಥಳಗಳ ಮೂಲಕವೇ ಬರಬೇಕು, ಬಂದ ಮೇಲೂ ಬೇರೆಯಾಗಿರಿಸಿ ನೋಡುವ ಅವಧಿ ಇರುತ್ತದೆ. ಆ ಆದೇಶದ ಪಟ್ಟಿಯಲ್ಲಿಲ್ಲದ ಸಸ್ಯಕ್ಕೆ ಕೀಟ ಮತ್ತು ರೋಗಗಳ ಅಪಾಯದ ವಿಶ್ಲೇಷಣೆ ಮುಗಿಯುವವರೆಗೆ ಪರವಾನಗಿಯೇ ಸಿಗುವುದಿಲ್ಲ. ಅಳಿವಿನಂಚಿನ ಸಸ್ಯವಾದ್ದರಿಂದ ಅಲ್ಲಿಂದ ಹೊರಗೆ ಕಳುಹಿಸುವುದಕ್ಕೂ ಅವರದೇ ನಿಯಮಗಳಿವೆ.

ಇಷ್ಟು ಕಟ್ಟಳೆ ಯಾಕೆ ಎಂದು ಕೊಡಗಿನ ಬೆಳೆಗಾರರಿಗೆ ಬಿಡಿಸಿ ಹೇಳಬೇಕಾಗಿಲ್ಲ. 1990ರಲ್ಲಿ ನೀಲಗಿರಿಯ ಗೂಡಲೂರಿನಲ್ಲಿ ಮೊದಲು ಕಾಣಿಸಿಕೊಂಡ, ಕಾಫಿ ಹಣ್ಣನ್ನು ಕೊರೆಯುವ ಬೆರ್ರಿ ಬೋರರ್ ಕೀಟ ಕೆಲವೇ ವರ್ಷಗಳಲ್ಲಿ ನಮ್ಮ ರೋಬಸ್ಟಾ ತೋಟಗಳನ್ನು ಹೊಕ್ಕಿತು, ಇಂದಿಗೂ ಹೊರಟಿಲ್ಲ. 2008ರಲ್ಲಿ ಕೊಯಮತ್ತೂರಿನಲ್ಲಿ ಪತ್ತೆಯಾದ ಪಪ್ಪಾಯಿಯ ಹಿಟ್ಟುತಿಗಣೆಯೂ ಹೊರಗಿನಿಂದ ಬಂದದ್ದೇ. ಅದಕ್ಕೆ ದಾಸವಾಳ ಇಷ್ಟದ ಆಹಾರ. ಒಂದು ಕಡ್ಡಿಯ ಗೆಣ್ಣಿನಲ್ಲಿ ಕಣ್ಣಿಗೆ ಕಾಣದಂತೆ ಕೂತು ಬರುವ ಕೀಟ ಇಡೀ ಜಿಲ್ಲೆಯ ಬೆಳೆಗೆ ಮುಳುವಾಗಬಲ್ಲದು. ಆದ್ದರಿಂದ ವಿದೇಶದ ಮಾರಾಟಗಾರರಿಗೆ ನೇರವಾಗಿ ಹಣ ಕಳುಹಿಸುವ ಬದಲು, ಪರವಾನಗಿ ಪಡೆದು ಗಿಡ ತರಿಸುವ ಅನುಭವವಿರುವ ನರ್ಸರಿಯ ಮೂಲಕ, ಇಲ್ಲವೇ ಈಗಾಗಲೇ ನ್ಯಾಯವಾಗಿ ದೇಶದೊಳಗೆ ಬಂದು ಬೆಳೆದ ಗಿಡವಿರುವವರಿಂದ, ಬೇರುಬಿಟ್ಟ ಸಸಿಯನ್ನು ಪಡೆಯಿರಿ. ಕಾಯಬೇಕಾಗಿ ಬಂದರೆ ಕಾಯಿರಿ. ಆ ಅವಧಿಯಲ್ಲಿ ಜಾಗವನ್ನು ಸಿದ್ಧಮಾಡುವ ಕೆಲಸ ಬೇಕಾದಷ್ಟಿದೆ.

ಮೊದಲ ಎರಡು ವರ್ಷ ಕುಂಡದಲ್ಲಿ

ಸಸಿ ಕೈಗೆ ಬಂದ ಕೂಡಲೇ ನೆಲಕ್ಕೆ ಇಳಿಸಬಾರದು. ಮೊದಲ ಎರಡು ಮಳೆಗಾಲವನ್ನು ಅದು ಕುಂಡದಲ್ಲಿ, ನೇರ ಮಳೆ ಬೀಳದ ಆದರೆ ಗಾಳಿ ಬೆಳಕು ಧಾರಾಳವಾಗಿ ಬರುವ ಜಾಗದಲ್ಲಿ ಕಳೆಯಲಿ. ಪೂರ್ವಕ್ಕೆ ಮುಖ ಮಾಡಿದ ಜಗಲಿಯ ಅಂಚು ಇದಕ್ಕೆ ಹೇಳಿಮಾಡಿಸಿದ ಸ್ಥಳ. ಜಗಲಿ ಇಲ್ಲದಿದ್ದರೆ ನಾಲ್ಕು ಕಂಬ ನೆಟ್ಟು ಮೇಲೆ ಮಾತ್ರ ಪಾರದರ್ಶಕ ಶೀಟು ಹೊದಿಸಿ, ನಾಲ್ಕೂ ಬದಿ ತೆರೆದು ಬಿಟ್ಟರೆ ಸಾಕು. ಮನೆಯೊಳಗೆ ತಂದಿಡುವುದು ಬೇಡ. ಜಡಿಮಳೆಯ ಕಕ್ಕಡ ಮಾಸದಲ್ಲಿ ಮನೆಯೊಳಗಿನ ಗೋಡೆಗೇ ಬೂಷ್ಟು ಹಿಡಿಯುವಾಗ ಅಲ್ಲಿ ಗಾಳಿಯಾಡದೆ ನಿಂತ ಗಿಡದ ಎಲೆಗೂ ಹಿಡಿಯುತ್ತದೆ.

ಮಣ್ಣಿನ ಮಿಶ್ರಣದ ವಿಷಯದಲ್ಲಿ ಕಾಫಿ ನರ್ಸರಿಯ ಅಭ್ಯಾಸವನ್ನು ಸ್ವಲ್ಪ ಬದಲಿಸಿಕೊಳ್ಳಬೇಕು. ಕಾಫಿ ಸಸಿಯ ಚೀಲಕ್ಕೆ ಆರು ಪಾಲು ಕಾಡುಮಣ್ಣು, ಎರಡು ಪಾಲು ಕೊಟ್ಟಿಗೆ ಗೊಬ್ಬರ, ಒಂದು ಪಾಲು ಮರಳು ಎಂಬುದು ಎಲ್ಲರಿಗೂ ಬಾಯಿಪಾಠ. ಆ ಮಿಶ್ರಣ ತೇವವನ್ನು ಹಿಡಿದಿಡುವುದಕ್ಕಾಗಿ ಮಾಡಿದ್ದು, ಇಲ್ಲಿ ಅದು ಹಾನಿಕರ. ಮೂರು ಪಾಲು ಕಾಡುಮಣ್ಣು, ಎರಡು ಪಾಲು ದಪ್ಪ ಮರಳು, ಒಂದು ಪಾಲು ಚೆನ್ನಾಗಿ ಕಳಿತ ಗೊಬ್ಬರ, ಒಂದು ಪಾಲು ಕಡಲೆಯ ಗಾತ್ರಕ್ಕೆ ಒಡೆದ ಇದ್ದಿಲು ಸೇರಿಸಿಕೊಳ್ಳಿ. ಹೊಳೆಮರಳು ಸಿಗದಿದ್ದರೆ ಎಂ ಸ್ಯಾಂಡ್ ಆಗುತ್ತದೆ, ಆದರೆ ಅದರ ಬೂದಿಯಂಥ ಪುಡಿಯನ್ನು ನೀರಿನಲ್ಲಿ ತೊಳೆದು ತೆಗೆಯದಿದ್ದರೆ ಅದೇ ಸಿಮೆಂಟಿನಂತೆ ಕಟ್ಟಿಕೊಂಡು ನೀರಿನ ದಾರಿಯನ್ನು ಮುಚ್ಚುತ್ತದೆ. ಕಾಫಿ ಸಿಪ್ಪೆಯ ಗೊಬ್ಬರ ಬಳಸುವವರು ಅದು ಪೂರ್ತಿ ಕಪ್ಪಾಗಿ, ಮುಟ್ಟಿದರೆ ಬಿಸಿಯಿಲ್ಲದಂತೆ ಕೊಳೆತಿದೆ ಎಂದು ಖಾತ್ರಿ ಮಾಡಿಕೊಳ್ಳಬೇಕು. ನಮ್ಮ ಮಣ್ಣು ಹುಳಿ. ಒಂದು ಬುಟ್ಟಿ ಮಿಶ್ರಣಕ್ಕೆ ಒಂದು ಹಿಡಿ ಡೋಲಮೈಟ್ ಬೆರೆಸಿ, ಒಂದೆರಡು ವಾರ ತೇವದಲ್ಲಿಟ್ಟು ಆಮೇಲೆ ಬಳಸಿದರೆ ಹುಳಿ ಬೇಕಾದಷ್ಟು ತಗ್ಗುತ್ತದೆ.

ಕುಂಡದ ತಳದಲ್ಲಿ ಒಂದೇ ರಂಧ್ರವಿದ್ದರೆ ಇನ್ನೂ ಮೂರು ನಾಲ್ಕು ಕೊರೆಯಿರಿ. ಕುಂಡವನ್ನು ನೆಲಕ್ಕೆ ತಾಗಿಸದೆ ಎರಡು ಇಟ್ಟಿಗೆಗಳ ಮೇಲೆ ಇಡಿ. ನೆಲಕ್ಕೆ ತಾಗಿದ ಕುಂಡದ ರಂಧ್ರ ಆಷಾಢದ ಕೆಸರಿನಿಂದ ಮುಚ್ಚಿಹೋಗುತ್ತದೆ, ಎರೆಹುಳುಗಳೂ ಒಳಹೊಕ್ಕು ಮಣ್ಣನ್ನು ಒತ್ತಾಗಿಸುತ್ತವೆ. ಸಸಿಯ ಕುತ್ತಿಗೆ ಚೀಲದಲ್ಲಿ ಎಷ್ಟು ಆಳವಿತ್ತೋ ಅಷ್ಟೇ ಇರಲಿ, ಒಂದು ಬೆರಳು ಮೇಲೆದ್ದರೂ ಚಿಂತೆಯಿಲ್ಲ, ಕೆಳಗೆ ಹೋಗಬಾರದು.

ಮಳೆಗಾಲದಲ್ಲಿ ನೀರು ಹಾಕುವ ಮೊದಲು ಬೆರಳನ್ನು ಎರಡನೇ ಗೆಣ್ಣಿನವರೆಗೆ ಮಣ್ಣಿನಲ್ಲಿ ಇಳಿಸಿ ನೋಡಿ. ಅಲ್ಲಿ ತಂಪಿದ್ದರೆ ನೀರು ಬೇಡ. ಜೂನ್ ಜುಲೈಯಲ್ಲಿ ಸೂರ್ಯನೇ ಕಾಣದ ದಿನಗಳಲ್ಲಿ ಗಿಡ ನೀರನ್ನು ಬಹಳ ಕಡಿಮೆ ಎಳೆಯುತ್ತದೆ, ಹತ್ತು ದಿನ ನೀರು ಹಾಕದೆಯೂ ಇರಬೇಕಾದೀತು.

ನೆಲಕ್ಕೆ ಇಳಿಸುವುದು

ಕೊಡಗಿನೊಳಗೇ ಒಂದು ಊರಿಗೂ ಇನ್ನೊಂದಕ್ಕೂ ಮಳೆಯ ಅಂತರ ಅಗಾಧ. ಕುಶಾಲನಗರ, ಹೆಬ್ಬಾಲೆ, ಶಿರಂಗಾಲದ ಕಡೆ ಮಳೆ ನಾರ್ಫೋಕ್ ದ್ವೀಪದ ಮಳೆಗಿಂತ ಬಹಳ ಹೆಚ್ಚಿಲ್ಲ. ಅಲ್ಲಿ ಈ ಗಿಡವನ್ನು ನೆಲದಲ್ಲಿ ಬೆಳೆಸುವುದು ಸುಲಭ, ಬೇಸಿಗೆಯ ನೀರಿನದೊಂದೇ ಚಿಂತೆ. ಸಿದ್ದಾಪುರ, ಅಮ್ಮತ್ತಿ, ಪೊಲಿಬೆಟ್ಟದ ತೋಟಗಳಲ್ಲಿ ದಿಬ್ಬ ಮಾಡಿ ನೆಡಬಹುದು. ಭಾಗಮಂಡಲ, ಬಿರುನಾಣಿ, ಶಾಂತಳ್ಳಿಯ ಕಡೆಯವರು ಗಿಡವನ್ನು ಕುಂಡದಲ್ಲಿಯೇ ಶಾಶ್ವತವಾಗಿ ಇಟ್ಟುಕೊಳ್ಳುವುದು ಕ್ಷೇಮ ಎಂಬುದು ನನ್ನ ಸ್ಪಷ್ಟ ಅಭಿಪ್ರಾಯ. ಇಷ್ಟು ವಿರಳವಾದ ಗಿಡವನ್ನು ಸಾಹಸಕ್ಕೆ ಒಡ್ಡಬಾರದು.

ನೆಲದಲ್ಲಿ ನೆಡುವವರು ಗುಂಡಿ ತೋಡುವ ಅಭ್ಯಾಸವನ್ನು ಬಿಡಬೇಕು. ಕಾಫಿಗೆ, ಕಿತ್ತಳೆಗೆ ಒಂದೂವರೆ ಅಡಿಯ ಗುಂಡಿ ತೆಗೆದು ಒಳ್ಳೆಯ ಮಣ್ಣು ತುಂಬಿ ನೆಡುವುದು ನಮ್ಮ ಪದ್ಧತಿ. ನಮ್ಮ ಕೆಂಪು ಜೇಡಿನಲ್ಲಿ ಅಂಥ ಗುಂಡಿಗೆ ಸಡಿಲ ಮಣ್ಣು ತುಂಬಿದರೆ ಸುತ್ತಲಿನ ನೀರೆಲ್ಲ ಅದರೊಳಕ್ಕೆ ಇಳಿದು, ಹೊರಹೋಗಲು ದಾರಿಯಿಲ್ಲದೆ ನಿಲ್ಲುತ್ತದೆ. ಮೇಲಿನಿಂದ ನೋಡಿದವರಿಗೆ ನೆಲ ಚೆನ್ನಾಗಿಯೇ ಕಾಣುತ್ತದೆ, ಒಳಗೆ ಬೇರು ಕೊಳೆಯುತ್ತಿರುತ್ತದೆ. ಇದರ ಬದಲು ನೆಲವನ್ನು ಒಂದು ಗೇಣು ಸಡಿಲಿಸಿ, ಅದರ ಮೇಲೆ ಕುಂಡಕ್ಕೆ ಹೇಳಿದ ಮಿಶ್ರಣವನ್ನೇ ಸುರಿದು ಒಂದೂವರೆ ಅಡಿ ಎತ್ತರ, ನಾಲ್ಕಡಿ ಅಗಲದ ದಿಬ್ಬ ಮಾಡಿ. ದಿಬ್ಬ ಕೊಚ್ಚಿಹೋಗದಂತೆ ಸುತ್ತಲೂ ಕಾಡುಕಲ್ಲುಗಳನ್ನು ಗಾರೆಯಿಲ್ಲದೆ ಜೋಡಿಸಿ. ಕಲ್ಲುಗಳ ಸಂದಿಯಿಂದ ನೀರು ಸೋರಿಹೋಗಲಿ. ಇಳಿಜಾರಿನ ಮೇಲ್ಗಡೆ ಒಂದು ಸಣ್ಣ ಚರಂಡಿ ತೋಡಿ ಹರಿದುಬರುವ ನೀರನ್ನು ಪಕ್ಕಕ್ಕೆ ತಿರುಗಿಸಬೇಕು. ಅಂಗಳದ ಕೆಳಗಿನ ಬರೆಯ ತುದಿ, ಕಾಫಿ ಒಣಗಿಸುವ ಕಣದ ಅಂಚು, ಇಂಥ ಜಾಗಗಳು ನೀರಿಗೂ ಬೆಳಕಿಗೂ ಚೆನ್ನು.

ಬೆಳಕಿನ ಬಗ್ಗೆ ರಾಜಿ ಮಾಡಿಕೊಳ್ಳಬಾರದು. ಬೆಳಗಿನಿಂದ ಮಧ್ಯಾಹ್ನದವರೆಗಾದರೂ ನೇರ ಬಿಸಿಲು ಬೀಳಬೇಕು. ಸಿಲ್ವರ್ ಓಕ್ ಸಾಲಿನ ಕೆಳಗೆ, ಹಲಸಿನ ನೆರಳಿನಲ್ಲಿ ಗಿಡ ಬದುಕಿದರೂ ಕೊಂಬೆಗಳು ಬಡಕಲಾಗಿ ಉದ್ದಕ್ಕೆ ಎಳೆಯುತ್ತವೆ, ಹೂ ಬಿಡುವುದು ಅಪರೂಪವಾಗುತ್ತದೆ. ಗಾಳಿಗೆ ಹೆದರಬೇಕಾಗಿಲ್ಲ, ಉಪ್ಪುಗಾಳಿಯಲ್ಲಿ ಬೆಳೆದ ಜಾತಿ ಅದು. ನಮ್ಮ ಬೆಟ್ಟದ ಗಾಳಿ ಬೀಸುವ ತೆರೆದ ಜಾಗ ಸಿಕ್ಕಿದರೆ ಮಳೆಯ ನಂತರ ಎಲೆ ಬೇಗ ಒಣಗುವುದರಿಂದ ಉಪಕಾರವೇ.

ನೆಡುವ ಕಾಲ ಸೆಪ್ಟೆಂಬರಿನ ಕೊನೆಯಿಂದ ಅಕ್ಟೋಬರ್, ಎಂದರೆ ಕೈಲ್ ಪೊಳ್ದ್ ಕಳೆದು ಕಾವೇರಿ ಸಂಕ್ರಮಣದ ಆಚೀಚೆ. ಕಾಫಿಯಂತೆ ಜೂನ್ ಮಳೆಗೆ ನೆಟ್ಟರೆ ಹೊಸ ಬೇರು ಮೂಡುವ ಮೊದಲೇ ಮೂರು ತಿಂಗಳ ಜಡಿಮಳೆಯನ್ನು ಎದುರಿಸಬೇಕಾಗುತ್ತದೆ. ಅಕ್ಟೋಬರಿನಲ್ಲಿ ನೆಟ್ಟ ಗಿಡಕ್ಕೆ ಹಿಂಗಾರಿನ ಹದವಾದ ಮಳೆ, ಆಮೇಲೆ ಚಳಿಗಾಲದ ಎಳೆಬಿಸಿಲು ಸಿಕ್ಕಿ, ಮುಂದಿನ ಜೂನ್ ಬರುವಷ್ಟರಲ್ಲಿ ಅದು ಬೇರೂರಿರುತ್ತದೆ. ಡಿಸೆಂಬರಿನಿಂದ ಹೂಮಳೆಯವರೆಗೆ ವಾರಕ್ಕೊಮ್ಮೆ ಬುಡ ತೋಯುವಂತೆ ನೀರುಣಿಸಿ. ದರಗು ಹೊದಿಸುವುದಾದರೆ ಕಾಂಡದಿಂದ ಒಂದು ಗೇಣು ಬಿಟ್ಟು ಹೊದಿಸಿ, ಮೇ ತಿಂಗಳ ಕೊನೆಯಲ್ಲಿ ಅದನ್ನು ಪೂರ್ತಿ ಎಳೆದು ತೆಗೆಯಿರಿ.

ಗೊಬ್ಬರ, ಕತ್ತರಿಕೆ, ಕಾವಲು

ಗೊಬ್ಬರದಲ್ಲಿ ಕೈ ಬಿಗಿಹಿಡಿಯಬೇಕು. ಯೂರಿಯಾ ಹಾಕಿ ಅವಸರಪಡಿಸಿದರೆ ಮೆತ್ತನೆಯ ಚಿಗುರು ಬಂದು ಹಿಟ್ಟುತಿಗಣೆಗೆ ಔತಣವಾಗುತ್ತದೆ. ರಂಜಕ ಹೆಚ್ಚಾದರೆ ದಾಸವಾಳಗಳಿಗೆ ಹಿಡಿಸುವುದಿಲ್ಲ, ಆದ್ದರಿಂದ ಮೂಳೆಪುಡಿಯನ್ನೂ ಸೂಪರ್ ಫಾಸ್ಫೇಟನ್ನೂ ದೂರವಿಡಿ. ಅಕ್ಟೋಬರಿನಲ್ಲಿ ಒಮ್ಮೆ, ಹೂಮಳೆಯ ನಂತರ ಒಮ್ಮೆ ಎರಡು ಬೊಗಸೆ ಹಳೆಯ ಕೊಟ್ಟಿಗೆ ಗೊಬ್ಬರ ಸಾಕು. ಅದಕ್ಕೆ ಟ್ರೈಕೋಡರ್ಮ ಎಂಬ ಉಪಕಾರಿ ಶಿಲೀಂಧ್ರವನ್ನು ಬೆರೆಸಿ ಎರಡು ವಾರ ನೆರಳಿನಲ್ಲಿಟ್ಟು ಹಾಕಿದರೆ ಬೇರುಕೊಳೆ ರೋಗಕ್ಕೆ ತಕ್ಕಮಟ್ಟಿಗೆ ತಡೆಯಾಗುತ್ತದೆ. ಕರಿಮೆಣಸು ಬೆಳೆಯುವವರಿಗೆ ಇದು ಹೊಸದಲ್ಲ.

ಕತ್ತರಿಕೆಯನ್ನು ಮೇ ತಿಂಗಳಲ್ಲಿ, ಮಳೆ ಹಿಡಿಯುವ ಮೊದಲು ಮಾಡಿ. ಪೊದೆಯ ನಡುವೆ ಒತ್ತಾಗಿ ಬೆಳೆದ ಸಣ್ಣ ಕಡ್ಡಿಗಳನ್ನೂ ನೆಲಕ್ಕೆ ತಾಗುವ ಕೊಂಬೆಗಳನ್ನೂ ತೆಗೆದು ಗಾಳಿಗೆ ದಾರಿ ಮಾಡಿಕೊಡುವುದು ಇದರ ಉದ್ದೇಶ, ಆಕಾರ ಕೊಡುವುದಲ್ಲ. ದಾಸವಾಳದ ಎಲೆಗಳಲ್ಲಿ ಹಳದಿ ಉಂಗುರಗಳನ್ನು ಮೂಡಿಸುವ ವೈರಸ್ ರೋಗವೊಂದು ಕತ್ತರಿಯ ಬಾಯಿಯಿಂದಲೇ ಗಿಡದಿಂದ ಗಿಡಕ್ಕೆ ದಾಟುತ್ತದೆ. ಬೇಲಿಯ ಕೆಂಪು ದಾಸವಾಳವನ್ನು ಸವರಿದ ಕತ್ತರಿಯನ್ನು ಸೋಪುನೀರಿನಲ್ಲಿ ತೊಳೆದು, ಸ್ಪಿರಿಟ್‌ನಿಂದ ಒರೆಸದೆ ಈ ಗಿಡಕ್ಕೆ ತಾಗಿಸಬೇಡಿ. ಇದಕ್ಕೆಂದೇ ಬೇರೆ ಕತ್ತರಿ ಇಟ್ಟುಕೊಂಡರೆ ಇನ್ನೂ ಉತ್ತಮ.

ಬೇರುಕೊಳೆಯ ಮೊದಲ ಲಕ್ಷಣವನ್ನು ತಿಳಿದಿರಬೇಕು: ಮಣ್ಣು ಒದ್ದೆಯಾಗಿಯೇ ಇರುವಾಗ ಎಲೆಗಳು ನೀರಿಲ್ಲದಂತೆ ಜೋಲುತ್ತವೆ. ಬಾಡಿದೆ ಎಂದು ಇನ್ನಷ್ಟು ನೀರು ಸುರಿದರೆ ಗಿಡ ಹೋದಂತೆಯೇ. ಕುಂಡದ ಗಿಡವಾದರೆ ಕೂಡಲೇ ಮಗುಚಿ, ಕಂದಾಗಿ ಮೆತ್ತಗಾದ ಬೇರುಗಳನ್ನು ಬಿಳಿ ಭಾಗ ಸಿಗುವವರೆಗೆ ಕತ್ತರಿಸಿ ತೆಗೆದು, ಹೊಸ ಮಿಶ್ರಣಕ್ಕೆ ಬದಲಿಸಿ, ಮೇಲಿನ ಕೊಂಬೆಗಳನ್ನೂ ಮೂರನೇ ಒಂದು ಭಾಗ ಸವರಿ. ಲೀಟರ್ ನೀರಿಗೆ 2 ಗ್ರಾಂ ಕಾಪರ್ ಆಕ್ಸಿಕ್ಲೋರೈಡ್ ಕರಗಿಸಿ ಒಮ್ಮೆ ಬುಡಕ್ಕೆ ಹಾಕಬಹುದು. ತಾಮ್ರದ ಔಷಧಿ ಟ್ರೈಕೋಡರ್ಮವನ್ನೂ ಕೊಲ್ಲುವುದರಿಂದ ಎರಡನ್ನೂ ಒಟ್ಟಿಗೆ ಬಳಸಬಾರದು.

ಹಿಟ್ಟುತಿಗಣೆ ಬಂದಿದೆಯೇ ಎಂದು ತಿಳಿಯಲು ಇರುವೆಗಳನ್ನು ನೋಡಿ. ಕಾಂಡದ ಮೇಲೆ ಇರುವೆಗಳ ಸಾಲು ಹತ್ತಿ ಇಳಿಯುತ್ತಿದ್ದರೆ ಮೇಲೆ ಎಲ್ಲೋ ಗೆಣ್ಣಿನ ಸಂದಿಯಲ್ಲಿ ಬಿಳಿಯ ಹತ್ತಿಯಂಥದ್ದು ಇರುತ್ತದೆ. ಎಳೆಗಿಡದ ಒತ್ತಾದ ಕೊಂಬೆಗಳೊಳಗೆ ಅದು ಬೇಗ ಕಣ್ಣಿಗೆ ಬೀಳುವುದಿಲ್ಲ. ಹತ್ತಿಬತ್ತಿಯಿಂದ ಒರೆಸಿ ತೆಗೆದು, ಬೇವಿನ ಎಣ್ಣೆಯನ್ನು ಸ್ವಲ್ಪ ಸೋಪಿನೊಂದಿಗೆ ಕದಡಿ ಸಂಜೆ ಸಿಂಪಡಿಸಿ, ಇರುವೆಯ ಗೂಡನ್ನೂ ಹುಡುಕಿ ತೆಗೆಯಿರಿ. ಆಫ್ರಿಕದ ದೊಡ್ಡ ಬಸವನಹುಳು ಹರಡಿರುವ ಕಡೆಗಳಲ್ಲಿ ಒಂದೇ ರಾತ್ರಿಯಲ್ಲಿ ಸಸಿಯ ಎಲೆಗಳೆಲ್ಲ ಮಾಯವಾಗಬಹುದು. ಮಳೆಗಾಲದ ಸಂಜೆಗಳಲ್ಲಿ ಟಾರ್ಚ್ ಹಿಡಿದು ಹೆಕ್ಕುವುದೇ ನಂಬಿಕೆಯ ಉಪಾಯ, ಕೈಗೆ ಮಾತ್ರ ಗ್ಲೌಸ್ ಇರಲಿ.

ಮೇಯುವ ಪ್ರಾಣಿಗಳ ವಿಷಯದಲ್ಲಿ ಉದಾಸೀನ ಸಲ್ಲದು. ಒಂದು ಇಡೀ ದ್ವೀಪದಿಂದ ಈ ಗಿಡವನ್ನು ಅಳಿಸಿಹಾಕಲು ಹೊರಟದ್ದು ಆಡು ಮತ್ತು ಮೊಲಗಳ ಹಲ್ಲು. ನಮ್ಮಲ್ಲಿ ಮನೆಯ ಹಸು ಆಡುಗಳ ಜೊತೆಗೆ ಕಾಡಂಚಿನಿಂದ ಬರುವ ಕಾಡುಕುರಿ, ಕಡವೆ, ಮೊಲಗಳಿಗೂ ದಾಸವಾಳದ ಚಿಗುರು ಪ್ರಿಯ. ದಿಬ್ಬದ ಸುತ್ತ ನಾಲ್ಕಡಿ ಎತ್ತರದ ತಂತಿಬಲೆ ಕಟ್ಟಿ, ಅದರ ಕೆಳಅಂಚನ್ನು ಒಂದು ಗೇಣು ಮಣ್ಣಿನೊಳಗೆ ಹೂಳಿ. ಕಡವೆಗಳ ಓಡಾಟವಿರುವ ಕಡೆ ಬಲೆ ಇನ್ನೂ ಎತ್ತರವಿರಲಿ.

ಕಡ್ಡಿಯಿಂದ ಹೊಸ ಗಿಡ

ಒಂದೇ ಗಿಡವನ್ನು ಇಟ್ಟುಕೊಂಡಿರುವುದು ಏನೂ ಇಟ್ಟುಕೊಳ್ಳದಿರುವುದಕ್ಕೆ ಹತ್ತಿರ. ಗಿಡ ಮೊಣಕಾಲೆತ್ತರ ದಾಟಿ ಗಟ್ಟಿಯಾದ ಕೂಡಲೇ ಎರಡನೆಯದನ್ನು ಮಾಡಿಕೊಳ್ಳಿ. ತೋಟಗಳಲ್ಲಿ ಈ ಜಾತಿ ಹೆಚ್ಚಾಗಿ ಕಡ್ಡಿಯಿಂದಲೇ ವೃದ್ಧಿಯಾಗಿದೆ.

ಕಾಲ ಅಕ್ಟೋಬರ್ ಅಥವಾ ಫೆಬ್ರುವರಿಯ ಕೊನೆ. ಅದೇ ವರ್ಷ ಬೆಳೆದ, ತುದಿ ಹಸಿರಾಗಿ ಬುಡ ಕಂದಾಗತೊಡಗಿದ ಕೊಂಬೆ ಸರಿಯಾದದ್ದು. ಬಗ್ಗಿಸಿದಾಗ ರಬ್ಬರಿನಂತೆ ಬಾಗಿದರೆ ಇನ್ನೂ ಎಳೆಯದು, ಚಟಕ್ಕನೆ ಮುರಿದರೆ ಬಲಿತು ಹೋದದ್ದು. ಬೆಳಗ್ಗೆ ಬಿಸಿಲೇರುವ ಮೊದಲು ನಾಲ್ಕೈದು ಅಂಗುಲದ ಕಡ್ಡಿಗಳನ್ನು ಗೆಣ್ಣಿನ ಕೆಳಗೆ ಓರೆಯಾಗಿ ಕೊಯ್ಯಿರಿ. ದಾಸವಾಳದ ತೊಗಟೆಯಲ್ಲಿ ಗಟ್ಟಿ ನಾರಿದೆ. ಮೊಂಡು ಚಾಕುವಿನಿಂದ ಕೊಯ್ದರೆ ತೊಗಟೆ ಕಡ್ಡಿಯಿಂದ ಬಿಟ್ಟು ದಾರದಂತೆ ಸೀಳಿಕೊಂಡು ಬರುತ್ತದೆ, ಹಾಗೆ ಸೀಳಿದ ಜಾಗದಿಂದಲೇ ಕೊಳೆತ ಶುರುವಾಗುತ್ತದೆ. ಹೊಸ ಬ್ಲೇಡು ಬಳಸಿ, ಕೊಯ್ದ ಜಾಗದಲ್ಲಿ ಒಸರುವ ಲೋಳೆಯನ್ನು ಶುದ್ಧ ಬಟ್ಟೆಯಿಂದ ಒತ್ತಿ ತೆಗೆಯಿರಿ. ಕೆಳಗಿನ ಎಲೆಗಳನ್ನು ತೆಗೆದು ತುದಿಯ ಮೂರು ನಾಲ್ಕು ಎಲೆಗಳನ್ನು ಮಾತ್ರ ಉಳಿಸಿ. ಬುಡವನ್ನು ಬೇರು ಬರಿಸುವ ಐಬಿಎ ಪುಡಿಯಲ್ಲಿ ಅದ್ದಿ, ಹೆಚ್ಚಾದದ್ದನ್ನು ಕೊಡವಿ, ತೊಳೆದ ಮರಳಿಗೆ ಸಮಪಾಲು ಕೋಕೋಪೀಟ್ ಬೆರೆಸಿದ ಚೀಲದಲ್ಲಿ ಎರಡು ಅಂಗುಲ ಇಳಿಸಿ. ಕಡ್ಡಿಯನ್ನೇ ಚುಚ್ಚದೆ, ಮೊದಲು ಬೇರೊಂದು ಕಡ್ಡಿಯಿಂದ ತೂತು ಮಾಡಿ ಇಟ್ಟರೆ ಪುಡಿ ಒರೆಸಿಹೋಗುವುದಿಲ್ಲ.

ರೋಬಸ್ಟಾ ಕಡ್ಡಿಗಳಿಗೆ ಬೇರು ಬರಿಸಲು ಪಾಲಿಥಿನ್ ಹೊದಿಸುವ ಕ್ರಮ ಇಲ್ಲಿಯೂ ನಡೆಯುತ್ತದೆ: ಬಿದಿರಿನ ಕಮಾನುಗಳ ಮೇಲೆ ಹಾಳೆ ಹೊದಿಸಿ, ನೆರಳಿನಲ್ಲಿಟ್ಟು, ದಿನಕ್ಕೊಮ್ಮೆ ಸ್ವಲ್ಪ ಹೊತ್ತು ತೆರೆದು ಗಾಳಿಯಾಡಿಸಿ. ಹಾಳೆಯ ಒಳಗೆ ಮಂಜಿನಂತೆ ತೇವ ಕಟ್ಟಿದ್ದರೆ ನೀರು ಬೇಡ. ಬೇರು ಬರಲು ಒಂದೂವರೆ ಎರಡು ತಿಂಗಳಾದರೂ ಹಿಡಿಯಬಹುದು, ಎಳೆದು ನೋಡುವ ಚಪಲ ಬೇಡ. ಹೊಸ ಎಲೆಯೊಂದು ಪೂರ್ತಿ ಬಿಚ್ಚಿಕೊಂಡ ಮೇಲೆ ಹಾಳೆಯನ್ನು ದಿನದಿಂದ ದಿನಕ್ಕೆ ಹೆಚ್ಚು ಹೊತ್ತು ತೆರೆದಿಡುತ್ತಾ ಸಸಿಯನ್ನು ಹೊರಗಾಳಿಗೆ ಹೊಂದಿಸಿ.

ಕಡ್ಡಿ ಕೊಯ್ಯಲು ಮನಸ್ಸು ಬಾರದವರಿಗೆ ಗೂಟಿ ಕಟ್ಟುವ ದಾರಿಯಿದೆ. ಪೆನ್ಸಿಲಿನಷ್ಟು ದಪ್ಪದ ಕೊಂಬೆಯ ತೊಗಟೆಯನ್ನು ಒಂದು ಅಂಗುಲದಷ್ಟು ಉಂಗುರವಾಗಿ ತೆಗೆದು, ಒದ್ದೆ ಪಾಚಿ ಸುತ್ತಿ ಪಾಲಿಥಿನ್‌ನಿಂದ ಬಿಗಿಯಾಗಿ ಕಟ್ಟಿದರೆ, ಬೇರು ಬಾರದಿದ್ದರೂ ಆ ಒಂದು ಕೊಂಬೆಯಷ್ಟೇ ನಷ್ಟ. ಬೇಲಿಯ ದಾಸವಾಳದ ಬೇರಿನ ಮೇಲೆ ಕಸಿ ಕಟ್ಟುವುದನ್ನು ನಾನು ಒಪ್ಪುವುದಿಲ್ಲ. ಕೆಳಗಿನ ಗಿಡ ಬಲವಾಗಿ ಚಿಗುರಿ ಮೇಲಿನದನ್ನು ಮೆಲ್ಲಗೆ ಮುಚ್ಚಿಬಿಡುವ ಅಪಾಯವಿದೆ. ಬೇರೆ ದಾಸವಾಳಗಳೊಡನೆ ಪರಾಗಸ್ಪರ್ಶ ಮಾಡಿಸಿ ಹೊಸ ತಳಿ ತೆಗೆಯುವ ಹಂಬಲವನ್ನೂ ಈ ಗಿಡದ ಮೇಲೆ ತೀರಿಸಿಕೊಳ್ಳಬಾರದು. ಹಾಗೆ ಹುಟ್ಟಿದ ಸಸಿ ಇದೇ ಹೆಸರಿನಲ್ಲಿ ಕೈ ದಾಟಿದರೆ, ಕೆಲವೇ ವರ್ಷಗಳಲ್ಲಿ ಅಸಲು ಯಾವುದು ಎಂದು ಹೇಳುವವರು ಇರುವುದಿಲ್ಲ.

ಹಂಚುವುದು ಮತ್ತು ಲೆಕ್ಕವಿಡುವುದು

ಫಿಲಿಪ್ ದ್ವೀಪದಲ್ಲಿಯೇ ಸ್ಟ್ರೆಬ್ಲೊರೈಜಾ ಸ್ಪೆಸಿಯೋಸಾ ಎಂಬ ಇನ್ನೊಂದು ಹೂಬಳ್ಳಿ ಇತ್ತು, ಅವರೆಯ ಕುಟುಂಬದ್ದು. ಅದನ್ನೂ ಬಾವರ್ ಸಂಗ್ರಹಿಸಿದ್ದನು. ಹತ್ತೊಂಬತ್ತನೇ ಶತಮಾನದಲ್ಲಿ ಇಂಗ್ಲೆಂಡಿನ ಗಾಜಿನ ಮನೆಗಳಲ್ಲಿ ಅದನ್ನು ಬೆಳೆಸಿದರು, ಅಲ್ಲಿ ಅದು ಹೂ ಬಿಟ್ಟಿತು. ದ್ವೀಪದಲ್ಲಿ ಅಳಿಯಿತು, ಗಾಜಿನ ಮನೆಗಳಲ್ಲಿಯೂ ಉಳಿಯಲಿಲ್ಲ. ಇಂದು ಅದು ಪ್ರಪಂಚದಲ್ಲಿ ಎಲ್ಲಿಯೂ ಇಲ್ಲ. ಅಕ್ಕರೆಯಿಂದ ಬೆಳೆಸುವವರಿದ್ದರೂ ಒಂದು ಸಸ್ಯ ಹೀಗೆ ಕೈತಪ್ಪಿಹೋಗಬಹುದು ಎಂಬುದನ್ನು ದಾಸವಾಳ ಬೆಳೆಸುವವರು ಗಟ್ಟಿಯಾಗಿ ನೆನಪಿಡಬೇಕು.

ಆದ್ದರಿಂದ ಬೇರುಬಿಟ್ಟ ಸಸಿಗಳನ್ನು ಒಂದೇ ಊರಿನಲ್ಲಿ ಇಟ್ಟುಕೊಳ್ಳಬೇಡಿ. ಒಂದನ್ನು ಕುಶಾಲನಗರದ ಕಡೆಯ ಒಣ ಹವೆಗೆ, ಒಂದನ್ನು ಮಡಿಕೇರಿಯ ಎತ್ತರಕ್ಕೆ, ಸಾಧ್ಯವಾದರೆ ಮತ್ತೊಂದನ್ನು ಮೈಸೂರಿನ ಕಡೆಯ ನಂಬಿಕೆಯ ತೋಟಕ್ಕೆ ಕಳುಹಿಸಿ. ಚೆಟ್ಟಳ್ಳಿಯ ತೋಟಗಾರಿಕಾ ಪ್ರಯೋಗ ಕೇಂದ್ರ, ಪೊನ್ನಂಪೇಟೆಯ ಅರಣ್ಯ ಮಹಾವಿದ್ಯಾಲಯದಂಥ ಸಂಸ್ಥೆಗಳು ಒಪ್ಪಿದರೆ ಅಲ್ಲಿಯೂ ಒಂದಿರಲಿ. ಯಾರಿಗೆ ಯಾವ ವರ್ಷ ಕೊಟ್ಟಿರಿ ಎಂದು ಪುಸ್ತಕದಲ್ಲಿ ಬರೆದಿಟ್ಟು, ಪ್ರತಿ ಮಳೆಗಾಲ ಮುಗಿದ ಮೇಲೆ ಒಮ್ಮೆ ವಿಚಾರಿಸಿ. ಒಬ್ಬರ ಗಿಡ ಹೋಗಿದ್ದರೆ ಇನ್ನೊಬ್ಬರ ಗಿಡದಿಂದ ಆ ವರ್ಷವೇ ಕಡ್ಡಿ ಮಾಡಿಸಿ ಕೊಡಿ.

ಪ್ರತಿ ಸಸಿಯ ಜೊತೆಗೆ ಚೀಟಿ ಹೋಗಲಿ. ಸಸ್ಯಶಾಸ್ತ್ರೀಯ ಹೆಸರು, ತಾಯಿಗಿಡ ಯಾರಿಂದ ಬಂತು, ಕಡ್ಡಿ ಕೊಯ್ದ ತಿಂಗಳು ಮತ್ತು ವರ್ಷ, ಇವಿಷ್ಟು ಅದರಲ್ಲಿರಬೇಕು. ಮಾರ್ಕರ್ ಪೆನ್ನಿನ ಬರಹ ನಮ್ಮ ಒಂದು ಮಳೆಗಾಲಕ್ಕೇ ಅಳಿಸಿಹೋಗುತ್ತದೆ. ಅಲ್ಯೂಮಿನಿಯಂ ತಗಡಿನ ತುಂಡಿನ ಮೇಲೆ ಮೊಳೆಯ ತುದಿಯಿಂದ ಒತ್ತಿ ಬರೆದು, ಕೊಂಬೆಗೆ ಬಿಗಿಯಾಗದಂತೆ ಸಡಿಲವಾದ ತಂತಿಯಲ್ಲಿ ಕಟ್ಟಿ, ಕೊಂಬೆ ದಪ್ಪವಾದಂತೆ ವರ್ಷಕ್ಕೊಮ್ಮೆ ತಂತಿಯನ್ನು ಬಿಡಿಸಿ ಮತ್ತೆ ಕಟ್ಟಿ.